ಇಂಡಿ ಫೈಟಿಂಗ್ ಗೇಮ್‌ಗಳಲ್ಲಿ ಹೆಣ್ಣು ಕ್ಯಾರೆಕ್ಟರ್‌ಗೆ ಎಲ್ಲಾ ತರದ ಆಟ ಸಿಕ್ಕಿದೆ, ಭಾರ ಒಂದು ಬಿಟ್ಟು

ತಡೆದುಹೊಡಿ:

ಉದ್ದ ಪೋಸ್ಟ್ ಇದು, ಪುರುಸೊತ್ತಿದ್ದಾಗ ಓದಿ. ಇಂಡಿ ಅಂದ್ರೆ ದೊಡ್ಡ ಕಂಪನಿ ಇಲ್ಲದೆ ಸಣ್ಣ ಟೀಮ್‌ಗಳು ಮಾಡೋ ಗೇಮ್.

ನಾನು ಯಾವ ಫೈಟಿಂಗ್ ಗೇಮ್ ಹಾಕಿದ್ರೂ ಮೊದಲು ಹುಡುಕೋದು ಇದ್ರಲ್ಲಿ ಗ್ರಾಪ್ಲರ್, ಅಂದ್ರೆ ಹಿಡಿದು ಎತ್ತಿ ಬಡಿಯೋ ಕ್ಯಾರೆಕ್ಟರ್, ಯಾರು ಅಂತ. ದೂರ ನಿಂತು ಎಸೆಯೋ ಆಟ ನನ್ ಕೈಗೆ ಒಗ್ಗಲ್ಲ, ಹತ್ರ ಹೋಗ್ಬೇಕು, ಎದುರಿಗಿರೋನು ಬ್ಲಾಕ್ ಹಿಡ್ಕೊಂಡು ಮುದುಡಿ ಕೂತಾಗ ಎತ್ತಿ ನೆಲಕ್ಕೆ ಹಾಕ್ಬೇಕು, ಅವಾಗ್ಲೇ ಆಡಿದಂಗೆ ಅನ್ಸೋದು. ಜೊತೆಗೆ ಹೆಣ್ಣು ಕ್ಯಾರೆಕ್ಟರೇ ಆಡ್ಬೇಕು ಅನ್ನೋದೂ ಮೊದಲಿಂದ ಇದೆ. ಈ ಎರಡೂ ಒಬ್ಬಳಲ್ಲೇ ಸಿಗೋದು ಎಷ್ಟು ಅಪರೂಪ ಅಂತ ಇದೇ ಚಟ ಇರೋರಿಗೆ ಮಾತ್ರ ಗೊತ್ತು.

1991ರಲ್ಲಿ ಸ್ಟ್ರೀಟ್ ಫೈಟರ್ 2 ಬಂದಾಗ ಆರಿಸ್ಕೊಳ್ಳೋಕೆ ಎಂಟು ಜನ ಇದ್ರು, ಅದರಲ್ಲಿ ಚುನ್ ಲೀ ಒಬ್ಬಳೇ ಹೆಂಗಸು. ಅವಳು ಚುರುಕು, ಕಾಲಿನ ಆಟ. ಅಲ್ಲಿಂದ ಶುರುವಾಗಿ ಹುಡುಗಿ ಅಂದ್ರೆ ಸ್ಪೀಡು, ಹಗುರ, ಏಟು ಸ್ವಲ್ಪ ಕಮ್ಮಿ ಅನ್ನೋ ಲೆಕ್ಕ ಎಷ್ಟೋ ಗೇಮ್‌ಗೆ ಅಂಟಿಕೊಂಡುಬಿಡ್ತು. 1998ರ ಸ್ಟ್ರೀಟ್ ಫೈಟರ್ ಆಲ್ಫಾ 3ರಲ್ಲಿ ಆರ್ ಮಿಕಾ ತರ ಕುಸ್ತಿ ಮಾಡೋಳೂ ಬಂದ್ಲು, ಇಲ್ಲ ಅಂತಲ್ಲ, ಆದ್ರೆ ಅಂತೋರನ್ನ ಬೆರಳಲ್ಲಿ ಎಣಿಸಿಬಿಡಬಹುದು. ರೋಸ್ಟರ್‌ನಲ್ಲಿ, ಅಂದ್ರೆ ಆರಿಸ್ಕೊಳ್ಳೋ ಕ್ಯಾರೆಕ್ಟರ್‌ಗಳ ಪಟ್ಟಿಲಿ, ಒಬ್ಬಳೋ ಇಬ್ಬರೋ ಇದ್ರೆ ಹೀಗಾಗೋದು ಸಹಜ, ಅವಳು ಹೆಣ್ಣು ಅನ್ನೋದೇ ಅವಳ ಪ್ಲೇಸ್ಟೈಲ್ ಆಗೋಗುತ್ತೆ.

ಅದಕ್ಕೇ 2012ರಲ್ಲಿ ಸ್ಕಲ್‌ಗರ್ಲ್ಸ್ ಬಂದಿದ್ದು ನನ್ ಪಾಲಿಗೆ ಅಷ್ಟು ದೊಡ್ಡ ವಿಷಯ. ಶುರುವಲ್ಲಿ ಎಂಟೇ ಕ್ಯಾರೆಕ್ಟರ್, ಎಂಟೂ ಹೆಣ್ಣೇ. ಎಲ್ರನ್ನೂ ಹೆಣ್ಣು ಮಾಡಿದ ಮೇಲೆ ಸ್ಪೀಡ್ ಅನ್ನೋದನ್ನ ಎಂಟು ಜನಕ್ಕೆ ಹಂಚೋಕಾಗಲ್ವಲ್ಲ, ಯಾರೋ ಒಬ್ಬಳು ದೂರದಿಂದ ಹೊಡೀಬೇಕು, ಒಬ್ಬಳು ಹಿಡೀಬೇಕು, ಒಬ್ಬಳು ಕಾಯ್ಬೇಕು. ಫಿಲಿಯಾ ರಷ್‌ಡೌನ್, ಅಂದ್ರೆ ಬಿಡುವೇ ಕೊಡದೆ ನುಗ್ಗೋಳು, ಗಾಳಿಲೇ ಏರ್ ಡ್ಯಾಶ್ ಹೊಡ್ಕೊಂಡು ಮೈಮೇಲೇ ಬರ್ತಾಳೆ. ಪೀಕಾಕ್ ಪಕ್ಕಾ ಝೋನರ್, ದೂರದಿಂದಲೇ ಹೊಡೆದು ಹತ್ರ ಬಿಡದೋಳು. ಪ್ಯಾರಾಸೋಲ್ ಚಾರ್ಜ್ ಕ್ಯಾರೆಕ್ಟರ್, ದಿಕ್ಕನ್ನ ಸ್ವಲ್ಪ ಹೊತ್ತು ಒತ್ತಿ ಹಿಡಿದ್ರೇ ಮೂವ್ ಬರೋದು. ಮಿಸ್ ಫಾರ್ಚೂನ್ ತನ್ನ ತಲೆನೇ ಕಿತ್ತಿಟ್ಟು ಎರಡು ಕಡೆಯಿಂದ ಆಡ್ತಾಳೆ. ಪೇನ್‌ವೀಲ್ ಹಾರಾಡ್ಕೊಂಡು, ಬಟನ್ ಒತ್ತಿ ಹಿಡಿದು ಏಟು ತಿಂತಾ ಆ ಏಟನ್ನೇ ವಾಪಸ್ ಕೊಡ್ತಾಳೆ. ವ್ಯಾಲೆಂಟೈನ್, ಡಬಲ್ ಇದ್ದಾರೆ. ಮತ್ತೆ ಸೆರೆಬೆಲ್ಲಾ, ನನ್ನ ಸೆರೆಬೆಲ್ಲಾ.

ಸೆರೆಬೆಲ್ಲಾ ಸರ್ಕಸ್ ಹುಡುಗಿ, ತಲೆ ಮೇಲೆ ವೈಸ್ ವರ್ಸಾ ಅಂತ ಜೀವ ಇರೋ ಟೋಪಿ, ಆ ಟೋಪಿಗೆ ಎರಡು ದೈತ್ಯ ತೋಳು. ಹಿಡಿಯೋದು ಎಸೆಯೋದು ಎಲ್ಲಾ ಆ ತೋಳುಗಳೇ. ಗ್ರಾಪ್ಲರ್ ಅಂದ್ರೆ ನಿಧಾನಕ್ಕೆ ನಡ್ಕೊಂಡು ಬರೋದು ಅಂತ ಅಂದ್ಕೊಂಡಿದ್ದೆ, ಇವಳು ಓಡಿ ಬರ್ತಾಳೆ, ಎದುರಾಳಿ ಎಸೆದಿದ್ದನ್ನ ಅವರಿಗೇ ತಿರುಗಿಸಿ ಕಳಿಸೋ ಮೂವ್ ಬೇರೆ ಇದೆ, ಗಾಳಿಲಿ ಇರೋರನ್ನ ಕಿತ್ತು ಕೆಳಗೆಳೆಯೋ ಗ್ರ್ಯಾಬ್ ಇದೆ. ವರ್ಷಗಟ್ಲೆ ಅವಳನ್ನೇ ಆಡಿದ್ದೀನಿ.

ಈಗ ಬರ್ತೀನಿ ಅಸಲು ವಿಷಯಕ್ಕೆ. ಇಷ್ಟು ವರ್ಷ ಆಡಿದ ಮೇಲೆ ಮೊನ್ನೆ ಒಂದು ಯೋಚನೆ ಹೊಳೀತು, ಹೊಳೆದ ಮೇಲೆ ಬಿಡ್ತಾ ಇಲ್ಲ. ಎತ್ತಿ ಬಡಿಯೋದು ಸೆರೆಬೆಲ್ಲಾ ಅಲ್ಲ, ಅವಳ ಟೋಪಿ. ಫಿಲಿಯಾ ಹೊಡೆಯೋದು ಅವಳ ಕೂದಲಲ್ಲಿರೋ ಸ್ಯಾಮ್ಸನ್ ಅನ್ನೋ ಪರಾವಲಂಬಿ. ಅದೇ ಗೇಮ್‌ಗೆ ಆಮೇಲೆ ಬಂದ ಸ್ಕ್ವಿಗ್ಲಿಗೆ ಲೆವಿಯಾಥನ್ ಅನ್ನೋ ಪರಾವಲಂಬಿ. ಅಂಬ್ರೆಲಾಗೆ ಹಂಗರ್ನ್ ಅನ್ನೋ ಕೊಡೆ. ಬೇರೆ ಗೇಮ್‌ಗಳಿಗೆ ಹೋದ್ರೆ ಆರ್ಕಾನಾ ಹಾರ್ಟ್‌ನಲ್ಲಿ ಕಿರಾ ಅಂತ ಒಬ್ಬಳು ಗ್ರಾಪ್ಲರ್, ಪುಟ್ಟ ಹುಡುಗಿ, ದೊಡ್ಡ ಲೋಳೆ ಮುದ್ದೆ ಮೇಲೆ ಕೂತು ಬರ್ತಾಳೆ, ಹಿಡಿಯೋದು ಆ ಲೋಳೆ. ರೈವಲ್ಸ್ ಆಫ್ ಈಥರ್‌ನ ಎಲಿಯಾನಾ ಯಂತ್ರದೊಳಗೆ ಕೂತಿರೋ ಹಾವು. ಹೆಣ್ಣಿಗೆ ಬಲ ಕೊಡ್ಬೇಕು ಅಂದಾಗೆಲ್ಲಾ ಆ ಬಲನ ಅವಳ ಮೈಯಿಂದ ಹೊರಗೆ ತಂದಿಟ್ಟಿದ್ದಾರೆ, ಮೈ ಮಾತ್ರ ಸಣ್ಣಕ್ಕೇ ಉಳಿದಿದೆ.

ಸ್ಕಲ್‌ಗರ್ಲ್ಸ್‌ಗೆ ಮೊದಲನೇ ಗಂಡು ಕ್ಯಾರೆಕ್ಟರ್ ಬಂದಿದ್ದು 2014ರಲ್ಲಿ, ಯಾರು ಹೇಳಿ? ಬಿಗ್ ಬ್ಯಾಂಡ್. ಪರದೆ ತುಂಬೋ ಮೈ, ಆರ್ಮರ್ (ಏಟು ತಿಂದ್ರೂ ನಿಲ್ಲದ ಮೂವ್), ಪ್ಯಾರಿ (ಬರೋ ಏಟನ್ನ ಸರಿಯಾದ ಗಳಿಗೇಲಿ ತಟ್ಟಿ ತಳ್ಳೋದು). ಎರಡನೆಯವನು 2015ರ ಬೇವುಲ್ಫ್, ಕುರ್ಚಿ ಹಿಡಿದ ಕುಸ್ತಿಪಟು. ಅಂದ್ರೆ ಎಲ್ಲಾ ಹೆಣ್ಣೇ ಇದ್ದ ಗೇಮ್‌ನಲ್ಲೂ ನಿಜವಾದ ಬಿಗ್ ಬಾಡಿ ಬೇಕು ಅಂದಾಗ ಗಂಡಸನ್ನೇ ಕರೆಸ್ಕೊಂಡ್ರು. ಇದು ನಂಗೆ ಯಾಕೋ ತುಂಬಾ ಕಾಡ್ತಾ ಇದೆ. ನಿಮಗೇನ್ ಅನ್ಸುತ್ತೆ ಹೇಳಿ.

ಝೋನರ್‌ಮನಸ್ಸು:

ಅಕ್ಕ ಪೋಸ್ಟ್ ಪೂರ್ತಿ ಓದಿದೆ, ಟೋಪಿ ವಿಷಯ ಇಷ್ಟು ವರ್ಷ ನನ್ ತಲೆಗೇ ಬಂದಿರ್ಲಿಲ್ಲ. ಆದ್ರೆ ಪೀಕಾಕ್‌ನ ಒಂದೇ ಸಾಲಲ್ಲಿ ಮುಗಿಸಿಬಿಟ್ರಲ್ಲ, ಅದಕ್ಕೆ ಸ್ವಲ್ಪ ಬರೀತೀನಿ.

ಬೇರೆ ಗೇಮ್‌ಗಳಲ್ಲಿ ಹೆಣ್ಣು ಝೋನರ್ ಅಂದ್ರೆ ಸಾಮಾನ್ಯವಾಗಿ ಬಿಲ್ಲು ಹಿಡ್ಕೊಂಡು, ಮಂತ್ರ ಹಾಕ್ಕೊಂಡು, ಶಾಂತವಾಗಿ ಗಂಭೀರವಾಗಿ ದೂರ ನಿಂತಿರ್ತಾಳೆ. ಪೀಕಾಕ್ ಹಂಗಲ್ಲ ಗುರು. ಅವಳು ಹಳೇ ಕಾಲದ ಕಾರ್ಟೂನ್ ಥರ, ಸಿಗಾರ್ ಇಟ್ಕೊಂಡು, ಪಿಸ್ತೂಲು ತೆಗೆದು, ಬಾಂಬ್‌ಗಳನ್ನ ನಡೆಸ್ಕೊಂಡು ಕಳಿಸಿ, ಮೇಲಿಂದ ಸಾಮಾನು ಬೀಳಿಸ್ತಾಳೆ. ಬಟನ್ ಎಷ್ಟು ಹೊತ್ತು ಹಿಡೀತೀರೋ ಬೀಳೋ ಸಾಮಾನು ಅಷ್ಟು ದೊಡ್ಡದಾಗುತ್ತೆ, ನೆಲದ ಮೇಲೆ ನೆರಳು ಮಾತ್ರ ಕಾಣುತ್ತೆ, ಎದುರಾಳಿ ಆ ನೆರಳಿಗೆ ಹೆದರಿಕೊಂಡು ಒಂದು ಹೆಜ್ಜೆ ಹಿಂದೆ ಇಡ್ತಾನೆ, ಆ ಒಂದು ಹೆಜ್ಜೆನೇ ನಮ್ಗೆ ಬೇಕಾಗಿರೋದು. ಅವಳ ಆಟದಲ್ಲಿ ತುಂಟತನ ಇದೆ, ಕ್ರೂರತನ ಇದೆ, ನಾಜೂಕು ಇಲ್ವೇ ಇಲ್ಲ. ಝೋನಿಂಗ್ ಅಂದ್ರೆ ಹೆದರಿ ದೂರ ಓಡೋದು ಅಂತ ಅನ್ನೋರಿಗೆ ನಾನು ಯಾವಾಗ್ಲೂ ಪೀಕಾಕ್ ತೋರಿಸ್ತೀನಿ, ಓಡ್ತಾ ಇರೋದು ಅವಳಲ್ಲ ನೀನು ಅಂತ.

ಪ್ಯಾರಾಸೋಲ್ ಇದಕ್ಕೆ ಪೂರ್ತಿ ಉಲ್ಟಾ, ರಾಜಕುಮಾರಿ, ಕಂಡಕಂಡಲ್ಲಿ ನೇಪಾಮ್ ಹನಿಗಳನ್ನ ಬಿಟ್ಟು ಹೋಗ್ತಾಳೆ, ಬೇಕಾದಾಗ ಸಿಡಿಸ್ತಾಳೆ, ಸೈನಿಕನನ್ನ ಕರೆದು ಅಡ್ಡ ನಿಲ್ಲಿಸ್ತಾಳೆ. ಒಬ್ಬಳು ಗಲಾಟೆ ಎಬ್ಬಿಸಿ ಜಾಗ ಹಿಡಿತಾಳೆ, ಇನ್ನೊಬ್ಬಳು ಅಪ್ಪಣೆ ಕೊಟ್ಟು ಹಿಡಿತಾಳೆ. ಒಂದೇ ಗೇಮ್, ಒಂದೇ ಕೆಲಸ, ಎರಡು ಹೆಣ್ಣಿನ ಎರಡು ಸ್ವಭಾವ. ಎಲ್ಲಾ ಹೆಣ್ಣೇ ಇರೋ ರೋಸ್ಟರ್‌ನಿಂದ ನಂಗೆ ಸಿಕ್ಕಿದ್ದು ಇದೇ. ಇಬ್ಬರನ್ನೂ ಹೋಲಿಸಿದಾಗ ಹೆಣ್ಣು ಅನ್ನೋದು ಇಬ್ಬರಲ್ಲೂ ಇದೆ, ಹಂಗಾಗಿ ಉಳಿಯೋದು ಅವರವರ ಗುಣ ಮಾತ್ರ.

ಗ್ರಾಪ್ಲರ್‌ಗಿರಿ:

ಅಕ್ಕಾರ, ನಿಮ್ಮ ಮಾತು ಅರ್ಧ ಒಪ್ತೀನಿ, ಅರ್ಧ ಇಲ್ರಿ.

ನಾನೂ ಸೆರೆಬೆಲ್ಲಾನ ಆಡಾಂವ. ಟೋಪಿ ಹೊಡಿತೈತಿ, ಆಕಿ ಹೊಡಿಯಂಗಿಲ್ಲ ಅಂತೀರಿ. ಬಿಗ್ ಬ್ಯಾಂಡ್ ಏನು ತನ್ನ ಮೈಯಿಂದ ಹೊಡಿತಾನೇನು? ಅವನ ಕೋಟಿನ ಒಳಗ ಪೂರಾ ಹಿತ್ತಾಳಿ ವಾದ್ಯ, ಯಂತ್ರ ತುಂಬ್ಯಾವ, ಮೈಯ್ಯಾಗ ಉಳದದ್ದು ಅಷ್ಟಕ್ಕಷ್ಟ. ಬೇವುಲ್ಫ್‌ಗೂ ಕುರ್ಚಿ ಬೇಕು. ಈ ಗೇಮ್‌ದಾಗ ಎಲ್ಲಾರಿಗೂ ಏನರ ಒಂದು ಹೊರಗಿಂದು ಐತಿ, ಅದು ಆ ಗೇಮಿನ ಪದ್ಧತಿ. ಹೆಣ್ಣಿಗೆ ಅಷ್ಟ ಮಾಡ್ಯಾರ ಅನ್ನೂದು ಸರಿ ಅಲ್ಲ ಅನಸ್ತೈತಿ ನನಗ.

ಇನ್ನೊಂದು, ಡಬಲ್‌ನ ಮರತೀರಿ. ಹೊರಗ ಸನ್ಯಾಸಿನಿ, ಒಳಗ ಮಾಂಸದ ಮುದ್ದಿ, ಬ್ಯಾರೆಯವರ ರೂಪ ತಗೊಂಡು ಅವರ ಮೂವ್ ಹೊಡಿತಾಳ. ಈ ಗೇಮ್‌ದಾಗ ವೆಯ್ಟ್ ಕ್ಲಾಸ್ ಅದಾವಲ್ಲ, ಅದರಾಗ ಡಬಲ್ ಹೆವಿ. ಹಗುರ ಇರಾವರ ಮ್ಯಾಲೆ ಬೀಳೋ ಕಾಂಬೋ (ಒಂದರ ಹಿಂದ ಒಂದು ಏಟು) ಆಕಿ ಮ್ಯಾಲೆ ಹಂಗ ಬೀಳಂಗಿಲ್ಲ, ಬದಲಿ ಮಾಡ್ಕೋಬೇಕು. ಅದೂ 2012ರಿಂದ, ಬಿಗ್ ಬ್ಯಾಂಡ್ ಬರೂಕಿಂತ ಮೊದಲ. ಭಾರ ಇರೋ ಹೆಣ್ಣು ಮೊದಲಿಂದ ಇದ್ಲು, ಚಂದ ಕಾಣಂಗಿಲ್ಲ ಅಂತ ನಾವ ಲೆಕ್ಕಕ್ಕ ಹಿಡಿದಿಲ್ಲ.

ತಡೆದುಹೊಡಿ:

@ಗ್ರಾಪ್ಲರ್‌ಗಿರಿ ಡಬಲ್ ವಿಷಯದಲ್ಲಿ ನೀವು ಹೇಳಿದ್ದು ಸರಿ ಅಣ್ಣ, ಅವಳನ್ನ ಬಿಟ್ಟಿದ್ದು ನನ್ನ ತಪ್ಪು. ನಾವೇ ಲೆಕ್ಕಕ್ಕೆ ಹಿಡಿದಿಲ್ಲ ಅನ್ನೋ ಮಾತು ಚುಚ್ತು, ನಿಜ ಅದು.

ಆದ್ರೆ ಬಿಗ್ ಬ್ಯಾಂಡ್ ವಿಷಯದಲ್ಲಿ ಒಪ್ಪಲ್ಲ, ಯಾಕೆ ಅಂತ ಹೇಳ್ತೀನಿ. ಕಥೆಲಿ ಅವನ ಮೈ ಯಂತ್ರ ಆಗಿರ್ಬಹುದು, ಆಟದಲ್ಲಿ ಅದು ಅವನ ಮೈಯೇ. ಅಷ್ಟೂ ಅಗಲ ಅವನ ಹರ್ಟ್‌ಬಾಕ್ಸ್, ಅಂದ್ರೆ ಏಟು ತಾಗೋ ಜಾಗ, ಎಲ್ಲಿ ಹೊಡೆದ್ರೂ ಅವನಿಗೇ ತಾಗುತ್ತೆ, ಸಣ್ಣೋರ ತಲೆ ಮೇಲಿಂದ ಹೋಗೋ ಏಟೂ ಅವನಿಗೆ ಬೀಳುತ್ತೆ. ಆ ಬೆಲೆ ಕೊಟ್ಟಿದ್ದಕ್ಕೇ ಆರ್ಮರ್ ಸಿಕ್ಕಿರೋದು. ಬಿಗ್ ಬಾಡಿ ಅಂದ್ರೆ ಅದೇ ವ್ಯಾಪಾರ, ಜಾಗ ಜಾಸ್ತಿ ಹಿಡಿತೀನಿ, ಏಟು ಜಾಸ್ತಿ ತಿಂತೀನಿ, ಆದ್ರೆ ಒಂದ್ಸಲ ಹತ್ರ ಬಂದ್ರೆ ಬಿಡಲ್ಲ.

ಸೆರೆಬೆಲ್ಲಾ ನಿಂತಿರೋವಾಗ ಹುಡುಗಿಯಷ್ಟೇ ಜಾಗ. ಹೊಡೆಯೋವಾಗ ಮಾತ್ರ ತೋಳು ಹೊರಗೆ ಬರುತ್ತೆ. ನಂಬಿಕೆ ಬರಲ್ಲ ಅಂದ್ರೆ ಟ್ರೇನಿಂಗ್ ಮೋಡ್‌ನಲ್ಲಿ ಏಟು ಕೊಡೋ, ತಿನ್ನೋ ಜಾಗಗಳನ್ನ ಬಾಕ್ಸ್ ಹಾಕಿ ತೋರಿಸೋ ಹಿಟ್‌ಬಾಕ್ಸ್ ಆಪ್ಷನ್ ಇದೆ, ಆನ್ ಮಾಡಿ ಇಬ್ಬರನ್ನೂ ಅಕ್ಕಪಕ್ಕ ನಿಲ್ಲಿಸಿ ನೋಡಿ. ಚಿತ್ರ ನೋಡಿ ಮಾತಾಡೋದಕ್ಕಿಂತ ಆ ಬಾಕ್ಸ್ ನೋಡಿ ಮಾತಾಡೋದು ಒಳ್ಳೇದು ಅಂತ ನನ್ನ ನಂಬಿಕೆ. ಸಣ್ಣ ಮೈ ದೊಡ್ಡ ಕೈ, ಇದು ಬೇರೆನೇ ಆಟ. ಒಳ್ಳೇ ಆಟನೇ, ನಂಗೆ ಇಷ್ಟದ ಆಟನೇ, ಆದ್ರೆ ಅದು ಭಾರದ ಆಟ ಅಲ್ಲ.

ಮೂರುಚಂದ್ರ:

ಈ ಚರ್ಚೆ ಸ್ಕಲ್‌ಗರ್ಲ್ಸ್‌ನಿಂದ ಶುರು ಆಗಿದ್ದಕ್ಕೆ ಒಂದು ಮಾತು ಹೇಳ್ಲೇಬೇಕು. ಇಂಡಿ ಅನ್ನೋ ಹೆಸರು ಚಾಲ್ತಿಗೆ ಬರೋ ಮುಂಚೆನೇ ಜಪಾನ್‌ನಲ್ಲಿ ದೋಜಿನ್ ಗೇಮ್‌ಗಳು ಇದ್ವು, ಅಭಿಮಾನಿಗಳೇ ಸೇರ್ಕೊಂಡು ಮಾಡ್ತಿದ್ದಿದ್ದು. ಮೆಲ್ಟಿ ಬ್ಲಡ್ 2002ರದ್ದು. ಅದರ ಮುಖ್ಯ ಪಾತ್ರಗಳಲ್ಲಿ ಬಹುಪಾಲು ಹೆಣ್ಣು. ಕೈಯಲ್ಲಿ ಮಾಡಿದ ಸಣ್ಣ ಗೇಮು 2005ಕ್ಕೆ ಆರ್ಕೇಡ್‌ಗೆ ಹೋಯ್ತು, 2021ರಲ್ಲಿ ಟೈಪ್ ಲುಮಿನಾ ಆಗಿ ಹೊಸದಾಗಿ ಬಂತು. ಈ ದಾರಿ ಹಾಕಿಕೊಟ್ಟಿದ್ದು ಅವರು.

ನಂಗೆ ಅದರಲ್ಲಿ ಅತೀ ಇಷ್ಟ ಆಗಿದ್ದು ಆಕ್ಟ್ರೆಸ್ ಅಗೇನ್ ಅನ್ನೋ ಆವೃತ್ತಿಲಿ ಬಂದ ಚಂದ್ರನ ಸ್ಟೈಲ್‌ಗಳು. ಪ್ರತಿ ಕ್ಯಾರೆಕ್ಟರ್‌ಗೂ ಮೂರು, ಕ್ರೆಸೆಂಟ್, ಹಾಫ್, ಫುಲ್. ಸಿಯೆಲ್ ಅನ್ನೋ ಹುಡುಗಿನ ತಗೊಳ್ಳಿ, ಅದೇ ಸಿಯೆಲ್, ಅದೇ ಬಟ್ಟೆ, ಅದೇ ಮುಖ, ಆದ್ರೆ ಚಂದ್ರ ಬದಲಾಯಿಸಿದ್ರೆ ಮೂವ್‌ಗಳೂ ಬದಲು, ಶಕ್ತಿ ತುಂಬೋ ಮೀಟರ್ ನಡೆಯೋ ರೀತಿನೂ ಬದಲು, ಯೋಚನೆ ಮಾಡೋ ಕ್ರಮನೇ ಬದಲು. ಹುಡುಗಿ ನೋಡಿದ ತಕ್ಷಣ ಇವಳು ಹಿಂಗೆ ಆಡ್ತಾಳೆ ಅಂತ ಹೇಳೋ ಅಭ್ಯಾಸನ ಆ ಗೇಮ್ ನನ್ನಿಂದ ಬಿಡಿಸಿಬಿಡ್ತು. ಕ್ಯಾರೆಕ್ಟರ್ ಸೆಲೆಕ್ಟ್ ಆದ್ಮೇಲೂ ನಂಗೆ ಅವಳು ಏನ್ ಮಾಡ್ತಾಳೆ ಅಂತ ಗೊತ್ತಿರ್ತಿರ್ಲಿಲ್ಲ.

ತೊಹೊ ಅನ್ನೋ ಜಪಾನಿ ಸರಣಿಯ ಫೈಟಿಂಗ್ ಗೇಮ್‌ಗಳನ್ನೂ ಸೇರಿಸ್ಬೇಕು, ಮೊದಲನೇದು 2004ರಲ್ಲಿ ಬಂತು. ಬಹುತೇಕ ಎಲ್ಲಾ ಹುಡುಗಿಯರೇ, ಎಲ್ರ ಹತ್ರನೂ ಬುಲೆಟ್ ಮಳೆ ಇರುತ್ತೆ, ಡ್ಯಾಶ್ ಮಾಡ್ಕೊಂಡು ಆ ಬುಲೆಟ್‌ಗಳ ಮಧ್ಯೆ ಸವರಿಕೊಂಡು ಹೋಗ್ಬಹುದು. ಅಕ್ಕ ಕೇಳಿದ ಭಾರಕ್ಕೆ ಅಲ್ಲಿ ಸುಯ್ಕಾ ಇದ್ದಾಳೆ. ಕೊಂಬಿರೋ ರಾಕ್ಷಸಿ, ನೋಡೋಕೆ ಪುಟಾಣಿ, ಆದ್ರೆ ಪರದೆ ತುಂಬೋ ಹಾಗೆ ಬೆಳೆದು ನಿಲ್ಲೋ ಶಕ್ತಿ ಇದೆ. ಅಲ್ಲಿ ಟೋಪಿ ಇಲ್ಲ, ಲೋಳೆ ಇಲ್ಲ, ಅವಳೇ ದೊಡ್ಡವಳಾಗ್ತಾಳೆ. ಇದು ನಿಮ್ಮ ಲೆಕ್ಕಕ್ಕೆ ಸಲ್ಲುತ್ತಾ?

ತಡೆದುಹೊಡಿ:

ಸಲ್ಲುತ್ತೆ, ಮುಕ್ಕಾಲು ಪಾಲು. ಬೆಳೆದಾಗ ಅವಳದೇ ಮೈ, ಅದು ಖುಷಿ. ಆದ್ರೆ ಸ್ವಲ್ಪ ಹೊತ್ತಷ್ಟೇ ಅಲ್ವಾ, ಆಮೇಲೆ ಮತ್ತೆ ಪುಟಾಣಿ. ಮ್ಯಾಚ್ ಶುರುವಿಂದ ಕೊನೆವರೆಗೆ ದೊಡ್ಡವಳಾಗೇ ಇರೋಳು ನಂಗೆ ಬೇಕು. ಚಂದ್ರನ ವಿಷಯ ತುಂಬಾ ಚೆನ್ನಾಗಿ ಹೇಳಿದ್ರಿ, ಅದನ್ನ ಈ ದಿಕ್ಕಲ್ಲಿ ಯೋಚನೆ ಮಾಡಿರ್ಲಿಲ್ಲ.

ಕಾಲುವೃತ್ತ:

ನಾನು ಬೇರೆ ಎರಡು ಗೇಮ್ ತರ್ತೇನೆ, ಯಾಕಂದ್ರೆ ಗಂಡು ಹೆಣ್ಣು ಬೆರೆತಿರುವ ರೋಸ್ಟರ್‌ನಲ್ಲಿ ಏನಾಗ್ತದೆ ಅಂತ ನೋಡಿದ್ರೆ ಅಕ್ಕ ಹೇಳಿದ್ದು ಇನ್ನೂ ಸ್ಪಷ್ಟ ಆಗ್ತದೆ.

ಫ್ಯಾಂಟಸಿ ಸ್ಟ್ರೈಕ್ ಉಂಟಲ್ಲ, 2019ರದ್ದು, ಹೊಸಬರಿಗೆ ಅಂತಲೇ ಮಾಡಿದ್ದು. ಕಷ್ಟದ ಇನ್‌ಪುಟ್ ಒಂದೂ ಇಲ್ಲ, ಥ್ರೋ ಬರ್ತದೆ ಅಂತ ಗೊತ್ತಾದ್ರೆ ಕೈ ಬಿಟ್ಟು ಸುಮ್ಮನೆ ನಿಂತರೆ ಸಾಕು, ಅದೇ ಕೌಂಟರ್. ಅಷ್ಟು ಹೊಸ ಯೋಚನೆ ಮಾಡಿದ ಗೇಮ್‌ನಲ್ಲೂ ಹೆಂಗಸರು ಯಾರು ನೋಡಿ. ಸೆತ್ಸುಕಿ ನಿಂಜಾ, ಲೈಫ್ ಕಮ್ಮಿ, ವೇಗ ಜಾಸ್ತಿ. ವ್ಯಾಲೆರಿ ಬಣ್ಣ ಎರಚುವ ರಷ್‌ಡೌನ್. ಜೈನಾ ಬಾಣ ಬಿಡುವವಳು. ಗ್ರಾಪ್ಲರ್ ಯಾರು? ರೂಕ್, ಕಲ್ಲಿನ ಗಂಡಸು. ನಂಗೆ ಆ ಗೇಮ್ ತುಂಬಾ ಪ್ರೀತಿ, ಆದ್ರೂ ಇದು ಕಾಣ್ತದೆ.

ರೈವಲ್ಸ್ ಆಫ್ ಈಥರ್‌ನಲ್ಲೂ ಭಾರದ ಕೆಲಸ ಕ್ರ್ಯಾಗ್ ಮತ್ತು ಇಟಾಲಸ್‌ಗೆ, ಬಂಡೆ ಎಸೆಯುವ ದುಂಬಿ ಮತ್ತು ಕರಡಿ. ಆದ್ರೆ ಅಲ್ಲಿ ಕ್ಲೈರೆನ್ ಅಂತ ಒಬ್ಬಳು ಇದ್ದಾಳೆ, ಪ್ಲಾಸ್ಮಾ ಕತ್ತಿಯವಳು, ಕತ್ತಿಯ ತುದಿ ತಾಗಿದ್ರೆ ಎದುರಿನವರು ಸ್ಟನ್, ಸ್ವಲ್ಪ ಹೊತ್ತು ಅಲ್ಲಾಡ್ಲಿಕ್ಕೆ ಆಗುವುದಿಲ್ಲ. ಹಾಗಾಗಿ ಅವಳ ಆಟ ಓಡಾಟದ್ದಲ್ಲ, ಅಳತೆಯದ್ದು. ಸರಿಯಾದ ದೂರದಲ್ಲಿ ನಿಂತು ಕಾಯಬೇಕು, ಒಂದು ಹೆಜ್ಜೆ ಹೆಚ್ಚು ಕಮ್ಮಿ ಆದ್ರೂ ಫಲ ಇಲ್ಲ. ಹುಡುಗಿ ಅಂದ್ರೆ ವೇಗ ಅನ್ನುವವರಿಗೆ ತಾಳ್ಮೆ ಕಲಿಸ್ತಾಳೆ ಅವಳು. ಹಾಗೆ ನೋಡಿದ್ರೆ ತಾಳ್ಮೆಯ ಹೆಣ್ಣು ಕ್ಯಾರೆಕ್ಟರ್ ಬಗ್ಗೆ ನಾವು ಮಾತಾಡುವುದು ಕಮ್ಮಿಯೇ. ಕೊಯಿಹಿಮೆ ಎನ್ಬು ಆಡಿದ್ದೀರಾ ಯಾರಾದ್ರೂ? ಪೂರ್ತಿ ಹೆಣ್ಣುಗಳದ್ದೇ ರೋಸ್ಟರ್, ಹೊರಗಿನಿಂದ ನೋಡಿದ್ರೆ ಚಂದದ ಹುಡುಗಿಯರ ಗೇಮ್ ಅಂತ ಪಕ್ಕಕ್ಕೆ ಇಟ್ಟು ಬಿಡ್ತಾರೆ, ಒಳಗೆ ಹೋದ್ರೆ ನೆಲ ಬಿಟ್ಟು ಏಳದ, ಒಂದೊಂದು ಏಟಿಗೂ ಲೆಕ್ಕ ಇರುವ ಫುಟ್ಸೀಸ್, ಅಂದ್ರೆ ಹೆಜ್ಜೆ ಹಾಕಿ ದೂರ ಅಳೆಯುವ ಆಟ ಮಾರಾಯ್ರೆ.

ಹೊಸಕೈ:

ನಾನು ಹೊಸಬ, ತಪ್ಪಿದ್ರೆ ತಿದ್ದಿ. ದೆಮ್ಸ್ ಫೈಟಿನ್ ಹರ್ಡ್ಸ್ ಬಗ್ಗೆ ಯಾರೂ ಹೇಳ್ಲಿಲ್ಲ, ನಾನು ಶುರು ಮಾಡಿದ್ದೇ ಅದರಿಂದ. ಅದರಲ್ಲೂ ಮೊದಲು ಎಲ್ಲಾ ಹೆಣ್ಣೇ ಅಲ್ವಾ? ನಾನು ಪಾಮ್ ಆಡ್ತೀನಿ, ಕುರಿಮರಿ. ಸೋಲ್ತಾನೇ ಇದ್ದೀನಿ ಆದ್ರೂ ಬಿಡೋಕೆ ಮನಸ್ಸಿಲ್ಲ.

ಝೋನರ್‌ಮನಸ್ಸು:

ಹೌದು ಮಗಾ, ಒಳ್ಳೇ ನೆನಪು ಮಾಡ್ದೆ. ಅದರ ಕಥೆನೇ ದೊಡ್ಡದು. ಮೊದಲು ಅದು ಮೈ ಲಿಟಲ್ ಪೋನಿ ಅಭಿಮಾನಿಗಳು ಮಾಡ್ತಿದ್ದ ಗೇಮ್, 2013ರಲ್ಲಿ ಆ ಕಾರ್ಟೂನ್‌ನ ಒಡೆಯರಾದ ಹ್ಯಾಸ್ಬ್ರೋ ಕಂಪನಿ ಕಡೆಯಿಂದ ನಿಲ್ಲಿಸಿ ಅಂತ ನೋಟಿಸ್ ಬಂತು. ಎಷ್ಟೋ ಟೀಮ್ ಅಲ್ಲಿಗೇ ಮುಗಿದುಹೋಗಿರೋದು. ಇವರಿಗೆ ಆ ಕಾರ್ಟೂನ್‌ನ ಆ ಸರಣಿ ಕಟ್ಟಿದ್ದ ಲಾರೆನ್ ಫೌಸ್ಟ್ ಅವರೇ ಬಂದು ಹೊಸ ಕ್ಯಾರೆಕ್ಟರ್‌ಗಳನ್ನ ಬರೆದುಕೊಟ್ರು. ಸ್ಕಲ್‌ಗರ್ಲ್ಸ್‌ನೋರು ಅದೇ ವರ್ಷ ಡಿಎಲ್‌ಸಿಗೆ (ಗೇಮ್‌ಗೆ ಆಮೇಲೆ ಸೇರಿಸೋ ಕ್ಯಾರೆಕ್ಟರ್‌ಗಳಿಗೆ) ಅಂತ ಜನರ ಹತ್ರ ದುಡ್ಡು ಎತ್ತಿದ್ರಲ್ಲ, 1,50,000 ಡಾಲರ್ ಕೇಳಿ 8 ಲಕ್ಷ ಡಾಲರ್‌ಗೂ ಮೇಲೆ ಸಿಕ್ತು, ಅದರ ಒಂದು ಗುರಿನೇ ಈ ಟೀಮ್‌ಗೆ ಗೇಮ್ ಓಡಿಸೋ ತಮ್ಮ ಇಂಜಿನ್ ಸಾಫ್ಟ್‌ವೇರ್ ಬಿಟ್ಟುಕೊಡೋದು. ಒಂದು ಸಣ್ಣ ಟೀಮ್ ಇನ್ನೊಂದು ಸಣ್ಣ ಟೀಮ್‌ನ ಕೈ ಹಿಡಿದು ಎಬ್ಬಿಸಿದ್ದು, ನೆನೆಸಿಕೊಂಡ್ರೆ ಈಗ್ಲೂ ಮನಸ್ಸು ತುಂಬುತ್ತೆ. 2020ರಲ್ಲಿ ಗೇಮ್ ಪೂರ್ತಿಯಾಗಿ ಬಂತು.

ಅದೇ 2020ರಲ್ಲಿ ಈವೋ ಅನ್ನೋ ದೊಡ್ಡ ಫೈಟಿಂಗ್ ಗೇಮ್ ಸ್ಪರ್ಧೆಯೋರು ಈವೋ ಆನ್‌ಲೈನ್‌ಗೆ ಅಂತ ನಾಲ್ಕು ಓಪನ್ ಟೂರ್ನಮೆಂಟ್ ಇಟ್ರು, ನಾಲ್ಕರಲ್ಲಿ ಎರಡು ಇವೇ, ಸ್ಕಲ್‌ಗರ್ಲ್ಸ್ ಮತ್ತು ಹರ್ಡ್ಸ್. ಕಾರಣ ರೋಲ್‌ಬ್ಯಾಕ್ ನೆಟ್‌ಕೋಡ್, ಅಂದ್ರೆ ಇಂಟರ್ನೆಟ್ ನಿಧಾನ ಇದ್ರೂ ಆಟ ತಡವರಿಸದ ಹಾಗೆ ನೋಡ್ಕೊಳ್ಳೋ ವ್ಯವಸ್ಥೆ, ದೊಡ್ಡ ದೊಡ್ಡ ಗೇಮ್‌ಗಳ ಆನ್‌ಲೈನ್ ತೊದಲ್ತಾ ಇದ್ದಾಗ ಇವು ನೀಟಾಗಿ ಓಡ್ತಿದ್ವು. ಆ ಈವೆಂಟ್ ನಡೀಲೇ ಇಲ್ಲ, ರದ್ದಾಯ್ತು, ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಆದ್ರೆ ಸ್ಕಲ್‌ಗರ್ಲ್ಸ್ 2022ರಲ್ಲಿ ಈವೋ ಮುಖ್ಯ ಪಟ್ಟಿಗೆ ಬಂದೇ ಬಂತು.

ಪಾಮ್ ಬಗ್ಗೆ: ಅವಳು ಪಪೆಟ್ ಕ್ಯಾರೆಕ್ಟರ್. ಅವಳು ಅಂಜುಬುರುಕಿ, ಹೊಡೆಯೋಕೆ ನಾಯಿಗಳನ್ನ ಕರೀತಾಳೆ. ನೀನು ಸೋಲ್ತಿರೋದು ನಿನ್ನ ತಪ್ಪಿಂದ ಅಂತ ಅಂದ್ಕೋಬೇಡ, ಎರಡು ಜೀವಗಳನ್ನ ಒಂದೇ ಕೈಯಲ್ಲಿ ನಡೆಸೋದು ಯಾವ ಗೇಮ್‌ನಲ್ಲೂ ಸುಲಭ ಅಲ್ಲ. ಮೊದಲು ಒಂದೇ ನಾಯಿನ ಎದುರಾಳಿ ಆಚೆ ಬದಿಗೆ ನಿಲ್ಲಿಸೋದು ಕಲಿ, ಅವನು ಮಧ್ಯದಲ್ಲಿ ಸಿಕ್ಕಾಕೊಂಡ್ರೆ ಯಾವ ಕಡೆ ಬ್ಲಾಕ್ ಮಾಡ್ಬೇಕು ಅಂತ ಅವನಿಗೇ ಗೊಂದಲ ಆಗುತ್ತೆ.

ತಡೆದುಹೊಡಿ:

ಹರ್ಡ್ಸ್ ನನ್ನ ಪಟ್ಟಿಲಿ ಇತ್ತು, ಉದ್ದ ಆಗುತ್ತೆ ಅಂತ ಬಿಟ್ಟಿದ್ದೆ, ಈಗ ಹೇಳ್ತೀನಿ. ಅಂಜುಬುರುಕಿಗೆ ಪಪೆಟ್ ಆಟ ಕೊಟ್ಟಿದ್ದು ನಂಗೆ ಬಹಳ ಹಿಡಿಸಿದ ಡಿಸೈನ್, ಸ್ವಭಾವದಿಂದ ಆಟ ಹುಟ್ಟಿದೆ. ತಾನು ಮುಂದೆ ಹೋಗಲ್ಲ, ಅದಕ್ಕೇ ನಾಯಿ ಕಳಿಸ್ತಾಳೆ. ಓಲಿಯಾಂಡರ್‌ಗೆ ಓದೋ ಹುಚ್ಚು, ಹಂಗಾಗಿ ಮ್ಯಾಚ್ ಮಧ್ಯದಲ್ಲಿ ನಿಂತು ಪುಸ್ತಕ ಓದಿ ಶಕ್ತಿ ಕೂಡಿಸ್ಕೊಳ್ತಾಳೆ, ಓದೋಕೆ ಬಿಟ್ರೆ ಎದುರಾಳಿ ಕಥೆ ಮುಗೀತು. ವೆಲ್ವೆಟ್‌ಗೆ ಜಂಬ, ಯಾರೂ ಹತ್ರ ಬರ್ಬಾರ್ದು, ಸರಿ, ಹಿಮ ಎಸೆಯೋ ಝೋನರ್. ಪಾಪ್ರಿಕಾಗೆ ಎಲ್ರನ್ನೂ ತಬ್ಬಿಕೊಳ್ಬೇಕು, ಅವಳು ತಬ್ಬಿಕೊಂಡ್ರೆ ಅದೇ ಗ್ರ್ಯಾಬ್. ಇಲ್ಲಿ ಆರ್ಕಿಟೈಪ್ (ಆಟದ ಬಗೆ) ಅನ್ನೋದು ಹೆಣ್ತನದಿಂದ ಬಂದಿಲ್ಲ, ಇವಳು ಎಂಥೋಳು ಅನ್ನೋದರಿಂದ ಬಂದಿದೆ.

ಆದ್ರೆ ಅದೇ ಗೇಮ್‌ಗೆ ಆಮೇಲೆ ಬಂದ ಮೊದಲನೇ ಗಂಡು ಯಾರು? ಟೆಕ್ಸಾಸ್, ಮೊದಲಿಂದ ಇರೋ ಅರಿಜೋನಾ ಅನ್ನೋ ಹೆಣ್ಣು ಕರುವಿನ ಅಪ್ಪ, ದೊಡ್ಡ ಗೂಳಿ. ಮತ್ತೆ ಅದೇ ಕಥೆ. ಎರಡು ಬೇರೆ ಟೀಮ್, ಎರಡೂ ಹೆಣ್ಣೇ ತುಂಬಿರೋ ರೋಸ್ಟರ್, ಎರಡೂ ಕಡೆ ದೊಡ್ಡ ಮೈ ಬೇಕಾದಾಗ ಗಂಡು ಬಂದ. ಗ್ರಾಪ್ಲರ್‌ಗಿರಿ ಅಣ್ಣ, ಇದಕ್ಕೆ ನಿಮ್ಮ ಉತ್ತರ ಏನು?

ಗ್ರಾಪ್ಲರ್‌ಗಿರಿ:

ಇದಕ್ಕ ನನ್ನ ಕಡೆ ಉತ್ತರ ಇಲ್ರಿ ಅಕ್ಕಾರ. ಒಂದು ಗೇಮ್ ಆಗಿದ್ರ ಅದರ ಪದ್ಧತಿ ಅಂತಿದ್ದೆ, ಎರಡರಾಗೂ ಹಂಗ ಆದ್ರ ಮಾತ ಬ್ಯಾರೆ.

ಆದರೂ ಒಂದು ಹೇಳ್ತೀನಿ. ನಿನ್ನಿ ರಾತ್ರಿ ನೀವು ಹೇಳಿದಂಗ ಹಿಟ್‌ಬಾಕ್ಸ್ ಆನ್ ಮಾಡಿ ಡಬಲ್ ಮತ್ತ ಸೆರೆಬೆಲ್ಲಾನ ನೋಡಿದೆ. ಸೆರೆಬೆಲ್ಲಾ ಕೈ ಚಾಚಿದಾಗ ಆ ತೋಳಿಗೂ ಏಟು ತಾಗೂ ಜಾಗ ಅದಾವ. ಅಂದ್ರ ಟೋಪಿಗೆ ಬಿದ್ದ ಏಟು ಆಕಿ ಲೈಫ್‌ನಿಂದನ ಹೋಗ್ತೈತಿ. ಮಿಸ್ ಫಾರ್ಚೂನ್ ತಲಿಗೆ ಬಿದ್ದ ಏಟೂ ಹಂಗ. ಹೊರಗ ಇಟ್ಟಾರ ಅಂದ್ರೂ ಅದು ಆಕಿ ಮೈಯಿಂದ ಪೂರಾ ಹರಕೊಂಡಿಲ್ಲ. ಅದೊಂದು ಎಳಿ ಉಳಿಸ್ಯಾರ.

ತಡೆದುಹೊಡಿ:

ಇದನ್ನ ನಾನು ಗಮನಿಸಿರ್ಲಿಲ್ಲ ಅಣ್ಣ. ಈಗ ನೀವು ಹೇಳಿದ ಮೇಲೆ ಸೆರೆಬೆಲ್ಲಾನ ನೋಡೋ ರೀತಿನೇ ಬೇರೆ ಆಗುತ್ತೆ ನಂಗೆ. ಥ್ಯಾಂಕ್ಸ್.

ಮೂರುಚಂದ್ರ:

ಬಟ್ಟೆ ವಿಷಯ ಯಾರೂ ಎತ್ತಿಲ್ಲ. ಈ ಗೇಮ್‌ಗಳಲ್ಲಿ ಕೆಲವರ ಡ್ರೆಸ್ಸು, ಕ್ಯಾಮೆರಾ ನಿಲ್ಲೋ ಜಾಗ ನೋಡಿದ್ರೆ ನಂಗೆ ಮುಜುಗರ ಆಗುತ್ತೆ, ಗೇಮ್ ಇಷ್ಟ ಅಂತ ಅದನ್ನ ಮುಚ್ಚಿಡೋಕೆ ನಂಗಿಷ್ಟ ಇಲ್ಲ. 2023ರಲ್ಲಿ ಸ್ಕಲ್‌ಗರ್ಲ್ಸ್‌ನೋರು ಕೆಲವು ಹಳೇ ಚಿತ್ರಗಳನ್ನ ಬದಲಾಯಿಸಿದಾಗ ಗೇಮ್ ಮಾರೋ ಸ್ಟೀಮ್ ಅಂಗಡಿಯ ರಿವ್ಯೂಗಳಲ್ಲಿ ಎಷ್ಟು ಗಲಾಟೆ ಆಯ್ತು ಅಂತ ಎಲ್ರಿಗೂ ನೆನಪಿರುತ್ತೆ.

ಕಾಲುವೃತ್ತ:

ಒಪ್ಪಿದೆ. ಅಕ್ಕ ಹೇಳಿದ ಭಾರಕ್ಕೂ ಇದಕ್ಕೂ ಸಂಬಂಧ ಉಂಟು ಅಂತ ನನ್ನ ಅನಿಸಿಕೆ. ಮೈ ಹೇಗಿರಬೇಕು ಅಂತ ಮೊದಲು ತೀರ್ಮಾನ ಆಗಿ ಹೋಗ್ತದೆ, ಆಟ ಆಮೇಲೆ ಬರ್ತದೆ. ಆ ಸಪೂರ ಮೈಗೆ ಬಲ ತುಂಬಲು ಜಾಗ ಇಲ್ಲದಿದ್ದಾಗ ಟೋಪಿಯೋ ಕೂದಲೋ ಬೇಕಾಗ್ತದೆ. ಪಾಮ್, ಪಾಪ್ರಿಕಾ ಎಲ್ಲ ಪ್ರಾಣಿಗಳು ಆದ ಕಾರಣ ಅಲ್ಲಿ ಈ ಕಷ್ಟ ಇರ್ಲಿಲ್ಲ, ಆದ್ರೂ ದೊಡ್ಡ ಮೈಗೆ ಗೂಳಿಯೇ ಬಂದ, ದೊಡ್ಡ ಹಸು ಬರ್ಲಿಲ್ಲ. ಅಲ್ಲಿ ಮಾತ್ರ ನಂಗೂ ಕಾರಣ ಹೊಳೀಲಿಲ್ಲ.

ಹೊಸಕೈ:

ನಾನು ಸ್ಕಲ್‌ಗರ್ಲ್ಸ್ ಇನ್‌ಸ್ಟಾಲ್ ಮಾಡ್ದೆ. ಅಕ್ಕ, ಸೆರೆಬೆಲ್ಲಾ ಟ್ರೈ ಮಾಡ್ತಿದ್ದೀನಿ, ಆದ್ರೆ ಗ್ರ್ಯಾಬ್ ಹತ್ತರಲ್ಲಿ ಒಂದೂ ಸಿಗ್ತಿಲ್ಲ. ಹತ್ರನೇ ಇರ್ತೀನಿ, ಅವರು ಬ್ಲಾಕ್ ಮಾಡ್ತಾನೇ ಇರ್ತಾರೆ, ಗ್ರ್ಯಾಬ್ ಹಾಕ್ತೀನಿ, ಗಾಳಿಗೆ ಹೋಗುತ್ತೆ. ಬ್ಲಾಕ್ ಮಾಡ್ತಿರೋರನ್ನ ಹಿಡೀಬಹುದು ಅಂತ ತಾನೇ ಹೇಳಿದ್ದು?

ತಡೆದುಹೊಡಿ:

ಬ್ಲಾಕ್ ಹಿಡಿದು ಕೂತಿರೋರನ್ನ ಹಿಡೀಬಹುದು, ಏಟು ಬ್ಲಾಕಿಗೆ ತಾಗಿ ನಡುಗ್ತಿರೋ ಆ ಗಳಿಗೇಲಿ ಹಿಡಿಯೋಕಾಗಲ್ಲ. ಬ್ಲಾಕ್‌ಸ್ಟನ್ ಅಂತಾರೆ ಅದಕ್ಕೆ. ನೀನು ಪಂಚ್ ಹಾಕಿದ ತಕ್ಷಣ ಗ್ರ್ಯಾಬ್ ಒತ್ತಿದ್ರೆ ಅವರಿನ್ನೂ ಆ ನಡುಕದಲ್ಲೇ ಇರ್ತಾರೆ, ಕೈ ಜಾರುತ್ತೆ.

ಹಿಂಗ್ ಮಾಡು. ಟ್ರೇನಿಂಗ್‌ನಲ್ಲಿ ಡಮ್ಮಿನ ಯಾವಾಗ್ಲೂ ಬ್ಲಾಕ್ ಮಾಡೋ ಹಾಗೆ ಇಟ್ಕೋ. ಹಗುರದ ಪಂಚ್ ಒಂದು ಹಾಕು, ಒಂಚೂರು ತಡಿ, ಆಮೇಲೆ ಗ್ರ್ಯಾಬ್. ಬೇಗ ಆದ್ರೆ ಜಾರುತ್ತೆ, ತಡ ಆದ್ರೆ ಹಿಡಿಯುತ್ತೆ, ಆದ್ರೆ ತೀರಾ ತಡ ಆದ್ರೆ ನಿಜವಾದ ಮನುಷ್ಯ ಅಷ್ಟರಲ್ಲಿ ಹಾರಿಬಿಡ್ತಾನೆ. ಆ ಮಧ್ಯದ ಜಾಗ ಬೆರಳಿಗೆ ಗೊತ್ತಾಗೋವರೆಗೂ ಮಾಡು, ಎಣಿಸ್ಬೇಡ.

ಆಮೇಲೆ ಅವರು ಹಾರೋಕೆ ಶುರು ಮಾಡ್ತಾರೆ ನೋಡು, ಹಿಡಿತಾಳೆ ಅಂತ ಹೆದರಿಕೊಂಡು. ಅವಾಗ ಗಾಳಿಲಿ ಕೀಳೋ ಗ್ರ್ಯಾಬ್ ತೆಗಿ. ಹಾರೋದು ನಿಲ್ಲಿಸಿದ್ರೆ ಮತ್ತೆ ನೆಲದ್ದು. ಪಾಮ್‌ನ ಬಿಡ್ಬೇಡ, ಎರಡನ್ನೂ ಆಡು.

ಹೊಸಕೈ:

ಮೂರು ಸಲ ಸಿಕ್ತು ಅಕ್ಕ. ಮೂರನೇದು ಆನ್‌ಲೈನ್‌ನಲ್ಲಿ, ಡಬಲ್ ಆಡ್ತಿದ್ದೋರ ಮೇಲೆ. ಮ್ಯಾಚ್ ಸೋತೆ, ಆದ್ರೆ ಆ ಗ್ರ್ಯಾಬ್ ಆದ್ಮೇಲೆ ಅವರು ಬ್ಲಾಕ್ ಮಾಡೋದನ್ನೇ ಬಿಟ್ಟು ಹಾರ್ತಾನೇ ಇದ್ರು, ನೀವು ಹೇಳಿದ ಹಾಗೇ. ರೀಮ್ಯಾಚ್ ಒತ್ತಿದ್ದೀನಿ.